ಹೀರುಬಳ್ಳಿಯ ಹಸಿರು ಎಲೆ

ಆಸ್ಪತ್ರೆಯಲ್ಲಿ ಎಲ್ಲರೂ ಅವಳನ್ನು ಎಲೆಯಕ್ಕ ಎನ್ನುತ್ತಿದ್ದರು. ದೊಡ್ಡ ಡಾಕ್ಟರಿಗೂ ಎಲೆಯಕ್ಕನೇ, ಗೇಟಿನ ಕಾವಲುಗಾರನಿಗೂ ಎಲೆಯಕ್ಕನೇ. ಅಲ್ಲಿ ಪ್ರತಿ ಮಂಚದ ತಲೆದೆಸೆಗೆ ಒಂದು ಕುಂಡ, ಕುಂಡದಲ್ಲಿ ಒಂದು ಹೀರುಬಳ್ಳಿ. ರೋಗಿ ಅದರ ಎಲೆಯೊಂದನ್ನು ಬರಿಗೈಯಲ್ಲಿ ಹಿಡಿದು ಮಲಗಿದರೆ ಸಾಕು, ಮೈಯ ನೋವನ್ನೆಲ್ಲ ಬಳ್ಳಿ ಎಳೆದುಕೊಳ್ಳುತ್ತಿತ್ತು. ರೋಗ ವಾಸಿಯಾಗುತ್ತಿರಲಿಲ್ಲ, ಆ ಮಾತು ಬೇರೆ, ನೋವಂತೂ ಹೋಗುತ್ತಿತ್ತು. ನೋವು ಕುಡಿದ ಎಲೆ ಸಂಜೆಯೊಳಗೆ ಕಪ್ಪಾಗುತ್ತಿತ್ತು. ಅದನ್ನು ಕೀಳದಿದ್ದರೆ ಬಳ್ಳಿ ಕೊಳೆಯುತ್ತಿತ್ತು, ಕತ್ತರಿ ತಾಗಿಸಿದರೆ ಒಣಗುತ್ತಿತ್ತು. ಬರಿ ಬೆರಳಲ್ಲೇ ಚಿವುಟಬೇಕು. ಚಿವುಟಿದವರ ಮೈಗೆ ಆ ನೋವು ಒಂದು ಉಸಿರಿನಷ್ಟು ಹೊತ್ತು ಬಂದು ಹೋಗುತ್ತಿತ್ತು. ಎಲೆಯಕ್ಕನ ಕೆಲಸ ಇದು.

ಹೀಗಾಗಿ, ಮಕ್ಕಳಿಲ್ಲದ ಅವಳು ಊರಿನ ಅರ್ಧ ಹೆರಿಗೆಗಳನ್ನು ಚೂರುಚೂರಾಗಿ ಹೆತ್ತಿದ್ದಳು. ಯಾರ ಬಾಯಿ ಎಷ್ಟು ನಿಜ ಹೇಳುತ್ತದೆಂದು ಅವಳ ಬೆರಳಿಗೆ ಗೊತ್ತಿತ್ತು. ಕಾಲು ಉಳುಕಿಸಿಕೊಂಡು ಬಂದು ವಾರ್ಡನ್ನೇ ತಲೆಯ ಮೇಲೆ ಹೊತ್ತಿದ್ದ ಬಟ್ಟೆ ವ್ಯಾಪಾರಿಯ ಎಲೆ ಚಿವುಟಿ, "ಅಣ್ಣಾ, ಇರುವೆ ಕಚ್ಚಿದಷ್ಟೂ ಇಲ್ವಲ್ಲ. ಇದಕ್ಕೆ ಇಷ್ಟು ರಾಗ ಎಳೀತೀರಾ?" ಎಂದಿದ್ದಳು. ವಾರ್ಡೆಲ್ಲ ನಕ್ಕಿತು. ಕೊನೆಗೆ ವ್ಯಾಪಾರಿಯೂ ನಕ್ಕ.

ಅವಳ ಗಂಡ ಬೀಗ ರಿಪೇರಿ ಮಾಡುತ್ತಿದ್ದ. ಅಂಗಡಿ ಎಂದರೆ ಮೆಟ್ಟಿಲುಗಳ ಕೆಳಗಿನ ಒಂದು ಗೂಡು. ಎದ್ದು ನಿಂತರೆ ತಲೆ ಬಡಿಯುತ್ತಿತ್ತು. ಮಾತು ಕಡಿಮೆಯ ಮನುಷ್ಯ. ಸಂಜೆ ಹೆಂಡತಿ ಮನೆಗೆ ಬಂದ ಕೂಡಲೇ ಬೋಗುಣಿಯಲ್ಲಿ ಬಿಸಿನೀರು ತಂದಿಟ್ಟು, ಅವಳ ಕೈ ಅದರಲ್ಲಿ ಮುಳುಗಿಸಿ, ಬೆರಳುಗಳನ್ನು ಒಂದೊಂದಾಗಿ ನೀವುತ್ತ "ಇವತ್ತು ಯಾರದ್ದು?" ಎಂದು ಕೇಳುತ್ತಿದ್ದ. ಅವಳು ಹೇಳುತ್ತಿದ್ದಳು. ಆ ಒಂದು ಗಳಿಗೆಗಾಗಿಯೇ ಅವಳು ಆ ಕೆಲಸದಲ್ಲಿ ಉಳಿದಿದ್ದಳೆಂದರೆ ತಪ್ಪಿಲ್ಲ. ಒಮ್ಮೆ, ಅವಳು ಮರೆತುಹೋದ ಬುತ್ತಿ ಕೊಡಲು ಬಂದವನು, ಸುಟ್ಟಗಾಯದ ಹುಡುಗಿಯೊಬ್ಬಳ ಎಲೆ ಚಿವುಟಿದ ಹೆಂಡತಿ ಕಿರುಚುತ್ತ ನೆಲಕ್ಕೆ ಬಿದ್ದದ್ದನ್ನು ಕಣ್ಣಾರೆ ಕಂಡ. ಆ ಸಂಜೆ ಬಿಸಿನೀರು ಇಟ್ಟ, ಬೆರಳು ನೀವಿದ, ಏನೂ ಕೇಳಲಿಲ್ಲ.

ಕೆಲವು ವರ್ಷಗಳ ಮೇಲೆ ಅವನ ಹೊಟ್ಟೆಯಲ್ಲೇ ಗಡ್ಡೆ ಬೆಳೆಯಿತು. "ತುಂಬ ಹರಡಿದೆ ಎಲೆಯಕ್ಕ. ಇನ್ನು ನೋವಾಗದ ಹಾಗೆ ನೋಡ್ಕೊಳ್ಳೋದಷ್ಟೇ ನಮ್ಮ ಕೈಲಿರೋದು," ಎಂದರು ಡಾಕ್ಟರು. ಅವಳು ಕಣ್ಣೊರೆಸಿಕೊಂಡಳು. ಅಷ್ಟಾದರೂ ಕೈಯಲ್ಲಿದೆಯಲ್ಲ ಎಂದು ಗಟ್ಟಿಮನಸ್ಸು ಮಾಡಿದಳು.

"ನನ್ನ ಎಲೆ ಬೇರೆ ಯಾರಾದ್ರೂ ಕೀಳ್ಲಿ. ನೀನು ಬೇಡ ಕಣೇ," ಎಂದ ಅವನು.

ಹೆರಿಗೆ ವಾರ್ಡಿನಲ್ಲಿ ಎಲೆ ಕೀಳುವ ಇನ್ನೊಬ್ಬಳಿದ್ದಳು, ಕರೆದಿದ್ದರೆ ಬರುತ್ತಿದ್ದಳು. "ನಿಮ್ಮ ನೋವು ಇನ್ನೊಬ್ಬರ ಕೈಗೆ ಯಾಕೆ ಹೋಗ್ಬೇಕು? ನಾನೇನು ಸತ್ತಿದ್ದೀನಾ?" ಎಂದು ಅವಳು ಅವನ ಬಾಯಿ ಮುಚ್ಚಿಸಿದಳು. ಹಟಕ್ಕೆ ಬಿದ್ದರೆ ಅವಳೆದುರು ಯಾರ ಆಟವೂ ನಡೆಯುತ್ತಿರಲಿಲ್ಲ.

ಅವನು ಹೊದಿಕೆಯನ್ನು ಎದೆಯವರೆಗೆ ಎಳೆದುಕೊಂಡ. ಆಮೇಲೆ, "ಕೈ ತಣ್ಣಗಾಗುತ್ತೆ. ನೀನು ಹೆಣೆದಿದ್ದ ಕೈಗವಸು ತಂದ್ಕೊಡು," ಎಂದ.

"ಎಲೆ ಹಿಡಿಯೋ ಕೈಗೆ ಹಾಕ್ಕೋಬೇಡಿ ಮತ್ತೆ. ಬರಿಗೈಯೇ ಆಗ್ಬೇಕು."

"ಎಲೆಯಕ್ಕನ ಗಂಡನಿಗೆ ಅಷ್ಟೂ ಗೊತ್ತಿಲ್ವಾ?"

ಮೊದಲ ಸಂಜೆ ಅವಳು ಜೀವ ಕೈಯಲ್ಲಿ ಹಿಡಿದುಕೊಂಡು ಮಂಚದ ಹತ್ತಿರ ಹೋದಳು. ಅವನ ಕೈ ಹೊದಿಕೆಯೊಳಗಿತ್ತು. ಬಳ್ಳಿ ಹಿಡಿದು ಎಳೆದರೆ ಹೊರಬಂದ ಎಲೆ ಹಚ್ಚಹಸಿರು. ನಂಬದೆ ಚಿವುಟಿ ನೋಡಿದಳು. ನೋವೇನೂ ಬರಲಿಲ್ಲ. ಮರುದಿನವೂ ಹಸಿರು, ಅದರ ಮರುದಿನವೂ ಹಸಿರು. ಅವನ ಹಣೆ ಬೆವರುತ್ತಿತ್ತು; ಜ್ವರವಿರಬೇಕು ಎಂದುಕೊಂಡಳು. ಕೆಳತುಟಿಯಲ್ಲಿ ಹಲ್ಲು ಊರಿದ ಗಾಯವಿತ್ತು. ತುಟಿ ಒಡೆದಿದೆ ಎಂದು ಬೆಣ್ಣೆ ಸವರಿದಳು. ಇಷ್ಟು ಕಾಲ ಬೆರಳನ್ನೇ ನಂಬಿ ಬದುಕಿದವಳಿಗೆ ಕಣ್ಣು ಹೇಳಿದ್ದು ಕೇಳಿಸಲಿಲ್ಲ. ಗಡ್ಡೆ ಕರಗುತ್ತಿದೆ ಎಂದು ಸಿಕ್ಕಸಿಕ್ಕವರಿಗೆಲ್ಲ ಹೇಳಿಕೊಂಡು ಬಂದಳು. ಬೀಗದ ಅಂಗಡಿಗೆ ಹೋಗಿ ಕಸ ಹೊಡೆದಳು, ತುಕ್ಕು ಹಿಡಿಯುತ್ತಿದ್ದ ಅರಗಳಿಗೆ ಎಣ್ಣೆ ಹಚ್ಚಿಟ್ಟಳು. ಪಾಪ, ಅಷ್ಟು ಖುಷಿಯಾಗಿ ಅವಳು ಎಂದೂ ಇದ್ದಿರಲಿಲ್ಲ.

ಒಂದು ಮಧ್ಯಾಹ್ನ ಅವಳು ಬೇರೆ ವಾರ್ಡಿನಲ್ಲಿದ್ದಾಗ ಅವನು ಹೋಗಿಬಿಟ್ಟ. ನರ್ಸಮ್ಮ ಓಡಿಬಂದು ಕರೆದುಕೊಂಡು ಹೋದಳು. ಕೈ ಎದೆಯ ಮೇಲೆ ಜೋಡಿಸೋಣವೆಂದು ಎಲೆಯಕ್ಕ ಹೊದಿಕೆ ಸರಿಸಿದಳು. ಎರಡು ಕೈಗೂ ಕೈಗವಸು ಇತ್ತು. ಬಲಗೈ ಮುಷ್ಟಿಯಲ್ಲಿ, ಉಣ್ಣೆಯ ಮೇಲೆ, ಎಲೆ ಇತ್ತು.

ಪಕ್ಕದ ಮಂಚದ ಮುದುಕ ತಲೆ ತಗ್ಗಿಸಿದ. "ಹೇಳ್ಬೇಡಿ ಅಂತ ನನ್ನ ಹತ್ರ ಆಣೆ ಹಾಕಿಸ್ಕೊಂಡಿದ್ದ ಕಣಮ್ಮಾ. ನೀನು ಆಚೆ ಹೋದ ಮೇಲೆ ಬಾಯಿಗೆ ದಿಂಬು ಒತ್ಕೊಂಡು ನರಳ್ತಿದ್ದ. 'ಅವಳು ಬೀಳೋದನ್ನ ಇನ್ನೊಂದು ಸಲ ನೋಡೋಕಾಗಲ್ಲ' ಅಂತಿದ್ದ."

ಅವಳು ಮಂಚದ ಮೇಲೆ ಬಾಗಿದಳು. ಬಿಗಿದ ಬೆರಳುಗಳನ್ನು ಮೆಲ್ಲಗೆ ಬಿಡಿಸಿದಳು. ಹಿಡಿದು ಹಿಡಿದು ಕೈಗವಸಿನ ಹೆಬ್ಬೆರಳ ಕಡೆ ಉಣ್ಣೆ ಸವೆದು ತೂತಾಗಿತ್ತು. ಅಲ್ಲಿ ಚರ್ಮ ತಾಗಿದ ಕಡೆ, ಹಸಿರು ಎಲೆಯ ಅಂಚಿನಲ್ಲಿ, ಉಗುರಿನಷ್ಟು ಕಪ್ಪು.

"ಬೇಡಕ್ಕಾ," ಎಂದಳು ನರ್ಸಮ್ಮ. ಅಷ್ಟರಲ್ಲಿ ಅವಳು ಚಿವುಟಿಯಾಗಿತ್ತು.

ಆ ಉಗುರಿನಷ್ಟರ ನೋವಿಗೆ ಅವಳು ಮಂಚದ ಕಾಲು ಹಿಡಿದು ಕುಸಿದಳು. ಕಿರುಚು ಗಂಟಲವರೆಗೂ ಬಂತು. ಅವನೂ ಹೀಗೆಯೇ ನುಂಗಿದ್ದನೆಂದು ಅವಳೂ ನುಂಗಿದಳು. ಇಂಥದ್ದರಲ್ಲಿ ಅವನು ಅವಳಿಗೆ ಬೆಳಗಿಂದ ಸಂಜೆವರೆಗೆ ನಗುಮುಖ ತೋರಿಸಿದ್ದ.

ಆಮೇಲೆ, ಎಲ್ಲರ ನೋವಿನ ಹಾಗೆಯೇ, ಒಂದು ಉಸಿರಿಗೆ ಅದು ಮೈಬಿಟ್ಟು ಹೋಯಿತು. ಎಲೆಯಕ್ಕ ಗಡಿಬಿಡಿಯಿಂದ ಬಳ್ಳಿಯ ಎಲೆಗಳನ್ನು ಒಂದೊಂದಾಗಿ ತಿರುವಿ, ಇನ್ನೆಲ್ಲಾದರೂ ಒಂದು ಚೂರು ಕಪ್ಪು ಉಳಿದಿದೆಯೇ ಎಂದು ಹುಡುಕಿದಳು. ಎಲ್ಲವೂ ಹಸಿರಾಗಿದ್ದವು.