ಜಪ್ತಿಗೆ ಹೋಗಿ ತಿರುವಿದ ಪಾಯಸ

ಆ ದಿನ ಬಿಸಿಲಿತ್ತೋ ಮೋಡವಿತ್ತೋ ಹೇಳಲಾರೆ. ಬಿಸಿಲಿತ್ತು ಎಂದು ಬರೆದರೆ ನನ್ನ ಬೆವರಿಗೊಂದು ಕಾರಣ ಸಿಗುತ್ತದೆ. ಅದಕ್ಕೇ ನೆನಪು ಬಿಸಿಲನ್ನೇ ಮುಂದೊಡ್ಡುತ್ತಿದೆ. ಕೋರ್ಟಿನ ಕಾಗದದಲ್ಲಿ ಬಿಸಿಲೂ ಇಲ್ಲ, ಮೋಡವೂ ಇಲ್ಲ; ಇರುವುದಿಷ್ಟೇ. ಎರ್ನಾಕುಲಂನ ನಮ್ಮ ಬ್ಯಾಂಕ್ ಶಾಖೆಗೆ ಸಾಲ ತೀರಿಸದ ಅಡುಗೆ ಕಂಟ್ರಾಕ್ಟರನೊಬ್ಬನ ಮೇಲೆ ಡಿಕ್ರಿಯಾಗಿತ್ತು. ಆತ ತಿರುವನಂತಪುರದ ಶ್ರೀಕಾರ್ಯಂಗೆ ಮನೆ ಬದಲಿಸಿದ್ದ. ಅವನ ಉರುಳಿಯನ್ನು, ಎಂದರೆ ಅಗಲ ಬಾಯಿಯ ದೊಡ್ಡ ಕಂಚಿನ ಪಾತ್ರೆಯನ್ನು, ಜಪ್ತಿ ಮಾಡಲು ಅಲ್ಲಿನ ಕೋರ್ಟಿನ ಅಮೀನರು ಹೊರಟರು. ಪಾತ್ರೆ ತೋರಿಸಿಕೊಡಲು ಬ್ಯಾಂಕಿನ ಪರವಾಗಿ ನಾನು.

ಅಮೀನರು ಕಾಸರಗೋಡಿನವರು. ಧಾರವಾಡದವನಾದ ನನ್ನೊಡನೆ ಕನ್ನಡ ಆಡಲು ಸಿಕ್ಕಿತೆಂದು ಹಿಗ್ಗಿದರು. "ಒಂದು ನೆನಪಿರಲಿ ಸಾರ್. ಸೂರ್ಯ ಮುಳುಗಿದ ಮೇಲೆ ಮನೆಯೊಳಗೆ ಕಾಲಿಡ್ಲಿಕ್ಕಿಲ್ಲ. ಕಾನೂನು."

ನಾವು ಹೋದಾಗ ಹಿಂದಿನ ಅಡುಗೆಮನೆಯಲ್ಲಿ ಉರುಳಿ ಒಲೆಯ ಮೇಲಿತ್ತು, ತುಂಬ ಪಾಯಸ. ಅಡುಗೆಯವನು ಸಟ್ಟುಗ ಕೆಳಗಿಡದೆ ಹೇಳಿದ: "ಪಾತ್ರೆ ನನ್ನದು ಸಾರೇ, ಒಯ್ಯಿರಿ. ಪಾಯಸ ಮಾತ್ರ ಹೆಣ್ಣಿನ ಮನೆಯವರದು. ಸಂಜೆ ನಿಶ್ಚಿತಾರ್ಥ. ಹಾಲು, ಸಕ್ಕರೆ ಎಲ್ಲ ಅವರದೇ."

"ಬೇರೆ ಪಾತ್ರೆಗೆ ಸುರೀರಿ," ಎಂದೆ.

"ಅರ್ಧ ಬೆಂದದ್ದನ್ನಾ?" ಅವನ ಹೆಂಡತಿ ಎದ್ದೇಬಿಟ್ಟಳು. "ಉರುಳಿ ಹೋದರೆ ನಾಳೆಯಿಂದ ನಮ್ಮನ್ನು ಯಾರು ಕರೀತಾರೆ? ನಿಮ್ಮ ಸಾಲವನ್ನಾದರೂ ಏನು ಬೇಯಿಸಿ ಕಟ್ಟೋದು?"

"ಹೌದಲ್ಲಾ," ಎಂದರು ಅಮೀನರು ಕುರ್ಚಿ ಎಳೆದುಕೊಳ್ಳುತ್ತ. "ವಾರಂಟಿನಲ್ಲಿ ಪಾಯಸ ಇಲ್ಲ. ಮೂರನೆಯವರ ಸೊತ್ತು. ಬೇಯಲಿ."

ಅಡುಗೆಯವನು ಉರಿ ತಗ್ಗಿಸಿದ. ಸೂರ್ಯ ಮುಳುಗುವವರೆಗೆ ಎಳೆಯುವ ಹೂಟ ಎಂದು ನನಗೆ ಹೊಳೆಯಿತು. "ಉರಿ ಜೋರು ಮಾಡ್ರೀ!"

"ಮಾಡ್ತೀನಿ. ತಳ ಹಿಡಿಯದ ಹಾಗೆ ಸಾರ್ ತಿರುವುತ್ತೀರಾ?"

ತೋಳು ಮಡಚಿ ಸಟ್ಟುಗ ಹಿಡಿದೆ. ಡಿಕ್ರಿದಾರ ಬ್ಯಾಂಕು ಬಾಕಿದಾರನ ಪಾಯಸ ತಿರುವತೊಡಗಿತು.

"ತಳಕ್ಕೆ ಮುಟ್ಟಲಿ ಸಾರೇ, ತಳಕ್ಕೆ! ಏಸಿಯಲ್ಲಿ ಕೂತು ಕೂತು ರಟ್ಟೆಯೇ ಹೋಗಿದೆ," ಎಂದಳು ಅವನ ಹೆಂಡತಿ.

ಕೊನೆಗೂ ಬಣ್ಣ ತಿರುಗಿತು. ಹೆಣ್ಣಿನ ಕಡೆಯವರು ಬಂದು ಬಕೆಟ್ಟುಗಳಲ್ಲಿ ತುಂಬಿಕೊಂಡು ಹೋದರು. ಉರುಳಿ ಖಾಲಿ. ಅಮೀನರನ್ನು ಕೂಗಿದೆ. ಅವರು ಆಗಲೇ ರಸ್ತೆಯಲ್ಲಿದ್ದರು, ಕೈಯಲ್ಲಿ ಲೋಟ. ಲೋಟದಲ್ಲಿ ಪಾಯಸವಿತ್ತು ಎನ್ನುತ್ತೇನೆ ಈಗ. ಮೊದಲ ಸಲ ಹೇಳಿದಾಗ ಚಹಾ ಎಂದಿದ್ದೆನಂತೆ, ನನ್ನ ಹೆಂಡತಿಯ ಆಕ್ಷೇಪಣೆ.

"ಮುಳುಗಿತಲ್ಲಾ ಸಾರ್."

"ಇನ್ನೂ ಬೆಳಕೈತಲ್ರೀ!"

"ಬೆಳಕು ಉಂಟು. ಸೂರ್ಯ ಇಲ್ಲ."

ನಾವು ಮತ್ತೆ ಹೋಗುವ ಮೊದಲೇ ಅಡುಗೆಯವನು ಕೋರ್ಟಿಗೆ ಅರ್ಜಿ ಹಾಕಿದ: ಕಸುಬಿನ ಉಪಕರಣವನ್ನು ಜಪ್ತಿ ಮಾಡುವಂತಿಲ್ಲ. ಉರುಳಿಯನ್ನು ಅವನು ಬಳಸುವುದೇ ಇಲ್ಲ, ಅದು ಬರೀ ಶೋಕಿಯ ಪಾತ್ರೆ ಎಂದು ನಮ್ಮ ವಕೀಲರ ವಾದ. ಸಾಕ್ಷಿಕಟ್ಟೆಗೆ ನಾನೇ ಹತ್ತಿದೆ. ಎದುರು ವಕೀಲರು ಮೆಲ್ಲಗೆ ಕೇಳಿದರು:

"ನೀವು ಹೋದಾಗ ಅದರಲ್ಲಿ ಏನಿತ್ತು?"

"ಪಾಯಸ."

"ಯಾರು ತಿರುವುತ್ತಿದ್ದರು?"

"ಮೊದಲು ಅವರು."

"ಆಮೇಲೆ?"

ನ್ಯಾಯಾಧೀಶರು ಪೆನ್ನು ಕೆಳಗಿಟ್ಟರು. "ನಾನು," ಎಂದೆ. ಕೋರ್ಟು ನಕ್ಕಿತು, ನಮ್ಮ ವಕೀಲರೂ ನಕ್ಕಂತೆ ನೆನಪು, ಅವರು ಒಪ್ಪುವುದಿಲ್ಲ.

ಉರುಳಿ ಉಳಿಯಿತು. ಸಾಲಕ್ಕೆ ಕಂತುಗಳಾದವು. ಕೋರ್ಟಿನ ಜಗಲಿಯಲ್ಲಿ ಅಡುಗೆಯವನು ನನ್ನನ್ನು ತಡೆದು ನಿಲ್ಲಿಸಿದ.

"ಸಾರೇ, ಮುಂದಿನ ತಿಂಗಳು ಪಟ್ಟಂನಲ್ಲೊಂದು ದೊಡ್ಡ ಮದುವೆಯಿದೆ. ಆಳು ಸಾಲದು. ಬರ್ತೀರಾ? ನಿಮ್ಮ ಕೂಲಿಯನ್ನು ನನ್ನ ಸಾಲಕ್ಕೆ ಜಮಾ ಮಾಡಿಕೊಳ್ಳಿ."