ಬೇಯಿಸಿದ ಕಾಳಿನ ಬಿಸಿ

ಇವತ್ತು ಬೆಳಿಗ್ಗೆ ಉಸಳಿ ಮಾಡೋಣವೆಂದು ಮಡಕಿ ಕಾಳಿನ ಗಂಟು ಬಿಚ್ಚಿದೆ. ನೆನೆಸಿದ ಕಾಳನ್ನು ನಿನ್ನೆ ಒದ್ದೆ ಬಟ್ಟೆಯಲ್ಲಿ ಬಿಗಿಯಾಗಿ ಕಟ್ಟಿ, ಪಾತ್ರೆಯಲ್ಲಿಟ್ಟು, ಮೇಲೊಂದು ತಾಟು ಮುಚ್ಚಿದ್ದೆ. ಬಟ್ಟೆ ಸಡಿಲಾಗುತ್ತಿದ್ದಂತೆ ಹಸಿ ಮಣ್ಣಿಗೆ ಹಾಲು ಚೆಲ್ಲಿದಂಥ ವಾಸನೆ ಮೂಗಿಗೆ ಬಂತು. ಮೊಳಕೆಗಳ ನಡುವೆ ಬೆರಳು ತೂರಿಸಿದರೆ ಬೆಚ್ಚಗೆ... ಒಲೆಯ ಹತ್ತಿರವೂ ಇಟ್ಟಿರಲಿಲ್ಲ, ಬಿಸಿಲಿಗೂ ಇಟ್ಟಿರಲಿಲ್ಲ. ಕಾಳಿಗೆ ಆ ಬಿಸಿ ಎಲ್ಲಿಂದ ಬಂತು ಎಂಬ ಒಂದೇ ಪ್ರಶ್ನೆಯನ್ನು ಹಿಡಿದುಕೊಂಡು ನಮ್ಮನ್ನು ಒಂದು ವರ್ಷ ಕುಣಿಸಿದವರು ನನ್ನ ಫಿಜಿಕ್ಸ್ ಸರ್. ಬೀದರಿನ ಮೈಲೂರು ಬಡಾವಣೆಯ ನನ್ನ ಅಡುಗೆಮನೆಯಲ್ಲಿ ಅವರನ್ನು ನೆನೆದು ಒಬ್ಬಳೇ ನಕ್ಕೆ.

ಆಗ ನಾನು ಭಾಲ್ಕಿಯ ಹಾಸ್ಟೆಲಿನಲ್ಲಿದ್ದು ಪಿಯುಸಿ ಓದುತ್ತಿದ್ದೆ. ಸರ್ ಬೀದರಿನಿಂದ ದಿನಾ ಬೆಳಗಿನ ರೈಲಿಗೆ ಬರುತ್ತಿದ್ದರು. ಎತ್ತರದ ಆಳು, ಬಿಳಿ ಅಂಗಿ, ಜೇಬಿನಲ್ಲಿ ಪೆನ್ನಿನ ಪಕ್ಕ ಸದಾ ಒಂದು ಥರ್ಮಾಮೀಟರ್. ಭಾನುವಾರ ಚರ್ಚಿನಲ್ಲಿ ಹಾಡುವ ದಪ್ಪ ದನಿಯಲ್ಲೇ ಸೋಮವಾರ ನಮಗೆ ಚಲನೆಯ ನಿಯಮ ಹೇಳುತ್ತಿದ್ದರು. ಕಿಟಕಿಯ ಗಾಜೂ ನಡುಗುತ್ತಿತ್ತು, ಹಿಂದಿನ ಬೆಂಚಿನವರ ನಿದ್ದೆಯೂ ಹಾರುತ್ತಿತ್ತು.

ಜಗತ್ತಿನಲ್ಲಿ ಇರುವುದು ಒಂದೇ ವಿದ್ಯೆ, ಅದು ಫಿಜಿಕ್ಸ್, ಉಳಿದವೆಲ್ಲ ಅದರ ಮೊಮ್ಮಕ್ಕಳು ಎನ್ನುವುದು ಅವರ ವಾದ. ಇದನ್ನು ಕೇಳಿ ಸುಮ್ಮನಿರುವವರಲ್ಲ ನಮ್ಮ ಬಯಾಲಜಿ ಮೇಡಮ್. ಔರಾದಿನವರು, ಮಾತು ಖಡಕ್. ಸ್ಟಾಫ್ ರೂಮಿನಲ್ಲಿ ಚಹಾದ ಹೊತ್ತಿಗೆ ಇಬ್ಬರ ಜಗಳ ಶುರುವಾಗುತ್ತಿತ್ತು. ರೆಕಾರ್ಡ್ ಬುಕ್ಕಿಗೆ ಸಹಿ ಬೇಕೆಂಬ ನೆಪ ಮಾಡಿಕೊಂಡು ನಾವು ಬಾಗಿಲಲ್ಲಿ ನಿಂತು ಕೇಳುತ್ತಿದ್ದೆವು. ಮಾಳಿಗೆಯಿಂದ ಕಲ್ಲು ಬಿದ್ದರೂ ಬೆಕ್ಕು ಬಿದ್ದರೂ ನಿಮ್ಮ ಲೆಕ್ಕ ಒಂದೇ, ಆದರೆ ಬೆಕ್ಕು ಕಾಲ ಮೇಲೆಯೇ ಬೀಳುತ್ತದಲ್ಲ ಎಂದು ಮೇಡಮ್ ಕೇಳುತ್ತಿದ್ದರು. ಬೆಕ್ಕು ಹೊರಳುವಾಗಲೂ ನನ್ನ ಒಂದು ನಿಯಮವನ್ನೂ ಮುರಿಯುವುದಿಲ್ಲ ಎಂದು ಸರ್. ಮುರಿಯಿತು ಎಂದು ನಾನೆಲ್ಲಿ ಅಂದೆ, ಕಲ್ಲಿಗೆ ಯಾಕೆ ಹೊರಳುವ ಉಸಾಬರಿ ಇಲ್ಲ ಅಂತ ಕೇಳಿದೆ ಎಂದು ಮೇಡಮ್. ಅಷ್ಟರಲ್ಲಿ ಚಹಾ ಆರಿ, ಮೇಲೆ ಕೆನೆ ಕಟ್ಟಿರುತ್ತಿತ್ತು.

ಆ ವರ್ಷ ಔರಾದಿನಲ್ಲಿ ಕಾಲೇಜುಗಳ ವಿಜ್ಞಾನ ಪ್ರದರ್ಶನ ಇತ್ತು. ಅದಕ್ಕೆ ಸರ್ ನನ್ನನ್ನು ಆರಿಸಿದರು. ನಾನು ಜಾಣೆಯೂ ಅಲ್ಲ, ದಡ್ಡಿಯೂ ಅಲ್ಲ, ಹಾಜರಿ ಕೂಗುವಾಗ ಮಾತ್ರ ನೆನಪಾಗುವ ಹುಡುಗಿ. ಆದ್ದರಿಂದ ಅದು ನನಗೆ ದೊಡ್ಡ ಸಂಗತಿ. ಅದಕ್ಕಿಂತ ದೊಡ್ಡದು ಇನ್ನೊಂದಿತ್ತು. ಮನ್ನಳ್ಳಿಯಲ್ಲಿ ಹೊಲ ಮಾಡಿಕೊಂಡಿದ್ದ ನಮ್ಮಪ್ಪ, ಪಿಯುಸಿ ಮುಗಿದ ಮೇಲೆ ಓದು ಸಾಕೆನ್ನುವ ಮನಸ್ಸಿನಲ್ಲಿದ್ದರು. ನಾನು ಅತ್ತು ಕರೆದ ಮೇಲೆ, ನಿಮ್ಮ ಸರ್ ಹುಡುಗಿ ಓದುವವಳು ಅಂತ ನನಗೆ ಹೇಳಿದರೆ ಬೀದರಿನ ಡಿಗ್ರಿ ಕಾಲೇಜಿಗೆ ಹಾಕುತ್ತೇನೆ ಎಂದಿದ್ದರು. ನನ್ನ ಮುಂದಿನ ದಾರಿಯೆಲ್ಲ ಸರ್ ಅವರ ಒಂದು ಮಾತಿನ ಮೇಲೆ ನಿಂತಿತ್ತು.

ಪ್ರಯೋಗ ಸುಲಭದ್ದು. ಎರಡು ಥರ್ಮಾಸ್. ಒಂದರಲ್ಲಿ ಮೊಳಕೆಯೊಡೆದ ಮಡಕಿ ಕಾಳು, ಇನ್ನೊಂದರಲ್ಲಿ ಅದೇ ಕಾಳನ್ನು ಬೇಯಿಸಿ ಆರಿಸಿದ್ದು. ಎರಡಕ್ಕೂ ಒಂದೊಂದು ಥರ್ಮಾಮೀಟರ್. ಜೀವ ಇರುವ ಕಾಳು ಉಸಿರಾಡಿ ಬಿಸಿಯಾಗುತ್ತದೆ, ಸತ್ತ ಕಾಳು ಕೋಣೆಯಷ್ಟೇ ತಣ್ಣಗಿರುತ್ತದೆ, ಪುಸ್ತಕದಲ್ಲಿ ಹಾಗೇ ಇತ್ತು. ಬೆಳಿಗ್ಗೆ, ಸಂಜೆ ನೋಡಿ ಬರೆಯುವುದು ನನ್ನ ಕೆಲಸ. ಮೊದಲ ದಿನ ಎಲ್ಲ ಪುಸ್ತಕದಂತೆ ನಡೆಯಿತು. ಎರಡನೆಯ ದಿನ ಬೇಯಿಸಿದ ಕಾಳಿನ ಪಾದರಸ ಮೆಲ್ಲಗೆ ಏರತೊಡಗಿತು. ಮೂರನೆಯ ದಿನ ಅದು ಮೊಳಕೆ ಕಾಳಿನದಕ್ಕಿಂತ ಎರಡು ಡಿಗ್ರಿ ಮೇಲಿತ್ತು. ನಾನು ಕಣ್ಣು ಉಜ್ಜಿಕೊಂಡು ಮತ್ತೆ ನೋಡಿ, ಕಂಡದ್ದನ್ನೇ ಬರೆದೆ.

ರೆಕಾರ್ಡ್ ನೋಡಿದ ಸರ್ ಅವರ ಹುಬ್ಬು ಗಂಟಿಕ್ಕಿತು. ಇಡೀ ಕ್ಲಾಸಿನ ಎದುರಿಗೆ ನನ್ನನ್ನು ನಿಲ್ಲಿಸಿದರು.

“ಖರೇ ಹೇಳವ್ವಾ. ಥರ್ಮಾಸ್ ಅದಲಿ ಬದಲಿ ಮಾಡೀದಿ, ಇಲ್ಲಾ ಕಾಳು ಆರೂದ್ರೊಳಗ ತುಂಬೀದಿ.”

ಎರಡೂ ಮಾಡಿಲ್ಲ ಎಂದೆ. ಹಾಗಾದರೆ ಥರ್ಮಾಮೀಟರ್ ಓದುವುದರಲ್ಲಿ ತಪ್ಪಿದ್ದೀ, ಇದನ್ನು ಹೊಡೆದು ಹಾಕಿ ಹೊಸದಾಗಿ ಮಾಡು ಎಂದು ಕೆಂಪು ಪೆನ್ನು ಮುಂದೆ ಹಿಡಿದರು. ಒಂದು ಗೆರೆ ಎಳೆದರೆ ಸರ್ ಸಮಾಧಾನಗೊಳ್ಳುತ್ತಾರೆ, ಅಪ್ಪನಿಗೆ ಒಳ್ಳೆಯ ಮಾತು ಹೇಳುತ್ತಾರೆ, ನಾನು ಬೀದರಕ್ಕೆ ಹೋಗುತ್ತೇನೆ. ಅಷ್ಟೆಲ್ಲ ಗೊತ್ತಿದ್ದೂ ಎಲ್ಲಿಂದಲೋ ಒಂದು ಹಟ ಬಂತು.

“ಹೊಡದು ಹಾಕಂಗಿಲ್ರಿ ಸರ್. ನನಗ ಕಂಡಿದ್ದು ಅಷ್ಟೇ ಅದರಿ.”

ಸರ್ ಪೆನ್ನು ಮುಚ್ಚಿ ಹೊರಗೆ ಹೋದರು. ನಾನು ಹಾಸ್ಟೆಲಿಗೆ ಬಂದು ದಿಂಬು ಒದ್ದೆಯಾಗುವಷ್ಟು ಅತ್ತೆ. ನನ್ನ ಓದನ್ನು ನಾನೇ ಕೈಯಾರೆ ಕೆಡಿಸಿಕೊಂಡೆ ಅನ್ನಿಸಿತು.

ಆಮೇಲೆ ನಡೆದದ್ದನ್ನು ಮೇಡಮ್ ಬಾಯಿಂದ ಕೇಳಿದೆ. ಸರ್ ಆ ಥರ್ಮಾಸನ್ನು ಸ್ಟಾಫ್ ರೂಮಿಗೆ ಒಯ್ದು ಮೇಜಿನ ಮೇಲಿಟ್ಟುಕೊಂಡು, ತಲೆಗೆ ಕೈ ಹಚ್ಚಿ ಕೂತಿದ್ದರಂತೆ. ಮೇಡಮ್ ಮುಚ್ಚಳ ತೆಗೆದು ಒಮ್ಮೆ ಮೂಸಿದರಂತೆ, ಅಷ್ಟೇ ಸಾಕಾಯಿತಂತೆ. ಬೇಯಿಸಿದ ಕಾಳು ಮೂರು ದಿನ ಮುಚ್ಚಿಟ್ಟರೆ ಹಳಸುತ್ತದೆ ಎನ್ನುವುದು ಅಡುಗೆ ಮಾಡುವ ಯಾರಿಗೆ ಗೊತ್ತಿಲ್ಲ? ಕಾಳು ಸತ್ತಿತ್ತು, ಆದರೆ ಅದನ್ನು ತಿನ್ನಲು ಕಣ್ಣಿಗೆ ಕಾಣದ ಲಕ್ಷಾಂತರ ಜೀವಿಗಳು ಒಳಗೆ ಸಂಸಾರ ಹೂಡಿದ್ದವು, ಉಸಿರಾಡುತ್ತಿದ್ದವು. ಆ ಬಿಸಿ ಅವುಗಳದು. ಅವು ಬೆಳೆಯದಂತೆ ಕಾಳಿಗೆ ಮೊದಲೇ ನಾಲ್ಕು ಹನಿ ಫಾರ್ಮಲಿನ್ ಹಾಕಬೇಕಿತ್ತು. ಫಿಜಿಕ್ಸ್ ಸರ್ ಅದನ್ನು ಮರೆತಿದ್ದರು.

ಮರುದಿನ ಅವರು ಕ್ಲಾಸಿಗೆ ಬಂದ ರೀತಿ ಇವತ್ತಿಗೂ ಕಣ್ಣ ಮುಂದಿದೆ. ಸೋತವರ ಮುಖವಲ್ಲ ಅದು, ಹಬ್ಬದ ಮುಖ. ನನ್ನ ರೆಕಾರ್ಡ್ ಕೇಳಿ ತೆಗೆದುಕೊಂಡು, ಆ ಅಂಕಿಯ ಪಕ್ಕ ಕೆಂಪು ಅಕ್ಷರದಲ್ಲಿ ಬರೆದು, ಎಲ್ಲರಿಗೂ ಕೇಳುವಂತೆ ಓದಿದರು: “ಹುಡುಗೀದು ಬರೋಬ್ಬರಿ ಅದ. ಮಾಸ್ತರಂದು ತಪ್ಪು.” ಕೆಳಗೆ ಸಹಿ ಹಾಕಿದರು. ನನಗೆ ಮತ್ತೆ ಅಳು ಬಂತು, ಈ ಸಲ ಸಂತೋಷಕ್ಕೆ.

ಆಮೇಲೆ ಪಾಠ ಶುರುವಾಯಿತು. ಪ್ರಪಂಚದಲ್ಲಿ ಎಲ್ಲವೂ ಚೆಲ್ಲಾಪಿಲ್ಲಿಯಾಗುತ್ತ, ಆರುತ್ತ ಹೋಗುತ್ತದೆ, ಇದು ಫಿಜಿಕ್ಸಿನ ಕಾಯ್ದೆ, ಇದಕ್ಕೆ ಯಾರಿಗೂ ಮಾಫಿ ಇಲ್ಲ ಎಂದರು. ಹಾಗಿದ್ದರೆ ಕಾಳು ಹೇಗೆ ಅಚ್ಚುಕಟ್ಟಾಗಿ ಬೇರು, ಎಲೆ ಕಟ್ಟಿಕೊಳ್ಳುತ್ತದೆ? ನಿಮ್ಮ ಮನೆ ಚೊಕ್ಕ ಇರಬೇಕಾದರೆ ಕಸ ಗುಡಿಸಿ ಹೊರಗೆ ಹಾಕುತ್ತೀರಲ್ಲ, ಹಾಗೆ. ಕಾಳು ತನ್ನ ಮನೆ ಕಟ್ಟುತ್ತ ಕಸ ಹೊರಗೆ ಹಾಕುತ್ತದೆ, ಆ ಕಸವೇ ಬಿಸಿ. ಇಷ್ಟು ಹೇಳಿ ನಿಂತು, ಬಾಗಿಲಲ್ಲಿ ನಿಂತಿದ್ದ ಮೇಡಮ್ ಕಡೆ ಕೈ ಮಾಡಿದರು.

“ಕಸಾ ಎಷ್ಟು ಬಿತ್ತಂತ ನನ್ನ ಥರ್ಮಾಮೀಟರ್ ಹೇಳ್ತದ. ಯಾರ ಮನೀದಂತ ಕೇಳಬೇಕಾದ್ರ ಅವರ ಹಂತ್ಯಾಕ ಹೋಗಬೇಕು.”

ಒಂದು ವರ್ಷದ ಜಗಳ ಅವತ್ತು ಅರ್ಧ ತೀರಿತು. ಉಳಿದರ್ಧವನ್ನು ಇಬ್ಬರೂ ಚಹಾದ ಹೊತ್ತಿಗೆಂದು ಜೋಪಾನ ಮಾಡಿಕೊಂಡರು.

ಔರಾದಿಗೆ ನಾವು ಮೂರು ಥರ್ಮಾಸ್ ಒಯ್ದೆವು. ಮೊಳಕೆ ಕಾಳಿನದು, ಬೇಯಿಸಿ ಫಾರ್ಮಲಿನ್ ಹಾಕಿದ್ದು, ಮತ್ತೆ ಆ ಹಳಸಿದ್ದು. ಹಳಸಿದ್ದು ಬೇಡವೆಂದು ಮೇಡಮ್ ಹೇಳಿದರೂ, ಅದೇ ನಮ್ಮ ಮುಖ್ಯ ಪಾತ್ರ ಎಂದು ಸರ್ ಕೇಳಲಿಲ್ಲ. ಬಹುಮಾನ ಬರಲಿಲ್ಲ. ಪರೀಕ್ಷಿಸಲು ಬಂದವರು ಮೂಗು ಮುಚ್ಚಿಕೊಂಡು ಪಕ್ಕದ ಜ್ವಾಲಾಮುಖಿಯ ಮಾದರಿಯ ಕಡೆ ನಡೆದುಬಿಟ್ಟರು. ವಾಪಸ್ ಬರುವಾಗ ತುಂಬಿದ ಬಸ್ಸು. ಚೆಲ್ಲಬಾರದೆಂದು ಸರ್ ಬಿಗಿಯಾಗಿ ಬಿರಡೆ ಹಾಕಿದ್ದರು. ಒಳಗೆ ಗ್ಯಾಸು ತುಂಬಿ, ಒಂದು ತಗ್ಗಿನಲ್ಲಿ ಬಸ್ಸು ಕುಲುಕಿದ್ದೇ ತಡ, ಬಿರಡೆ ಹಾರಿ ಮುಂದಿನ ಸೀಟಿನವರು ತಲೆಗೆ ಸುತ್ತಿದ್ದ ಪಟಗಾದ ಮೇಲೆ ಬಿತ್ತು. ಕಿಟಕಿಗಳು ದಡಬಡ ತೆರೆದವು. ಕಂಡಕ್ಟರ್ ಸೀಟಿ ಊದಿ ಬಸ್ ನಿಲ್ಲಿಸಿ, ಕರ್ಚೀಪು ಹಿಡಿದು ಬಂದ.

“ಸರ್, ಏನ್ ಸತ್ತದ್ರಿ ಇದ್ರಾಗ?”

“ಸತ್ತಿದ್ದಲ್ಲಪಾ, ಜೀವಂತ ಅದ. ಅದಕ್ಕೇ ನಾರ್ತದ.”

ಬಸ್ಸಿನವರೆಲ್ಲ ನಕ್ಕರು. ಪಟಗಾದವರು ಕೂಡ ನಕ್ಕರು. ಭಾಲ್ಕಿ ಮುಟ್ಟುವವರೆಗೂ ಸರ್ ಥರ್ಮಾಸನ್ನು ತೊಡೆಯ ಮೇಲೆ ಕೂಸಿನಂತೆ ಹಿಡಿದುಕೊಂಡು, ಪಕ್ಕದವರಿಗೆ ಬಿಸಿಯ ಪಾಠ ಹೇಳುತ್ತಲೇ ಇದ್ದರು.

ಅದಾಗಿ ಬಂದ ಭಾನುವಾರ, ಚರ್ಚ್ ಮುಗಿಸಿ ಅದೇ ಬಿಳಿ ಅಂಗಿಯಲ್ಲಿ ಅವರು ಮನ್ನಳ್ಳಿಗೆ ಬಂದರು. ನಾನು ಕರೆದಿರಲಿಲ್ಲ. ಅಪ್ಪ ಕಂಬಳಿ ಹಾಸಿ ಕೂಡಿಸಿದರು. ಕೊಟ್ಟ ಚಹಾ ಕುಡಿದು ಸರ್ ಹೇಳಿದ್ದು ಇಷ್ಟೇ:

“ನಿಮ್ಮ ಮಗಳು ನನ್ನ ತಪ್ಪು ಹಿಡದಾಳ್ರಿ. ಇಂಥಾಕೀನ್ನ ಮನ್ಯಾಗ ಇಟ್ಕೋಬ್ಯಾಡ್ರಿ.”

ಆ ವರ್ಷ ನಾನು ಬೀದರಕ್ಕೆ ಬಂದೆ. ಈಗ ಇಲ್ಲಿಯದೇ ಒಂದು ಕಾಲೇಜಿನಲ್ಲಿ ಬಯಾಲಜಿ ಹೇಳುತ್ತೇನೆ. ತಮ್ಮ ಪಕ್ಷವನ್ನು ಬಿಟ್ಟು ಮೇಡಮ್ ಪಕ್ಷ ಸೇರಿದಳು ಎಂದು ಸಿಕ್ಕಾಗಲೆಲ್ಲ ಕಾಡುತ್ತಿದ್ದರು ಸರ್...

ಅವರು ತೀರಿಕೊಂಡ ದಿನ ಮನೆಗೆ ಹೋಗಿದ್ದೆ. ಸರ್ ತಲೆಯ ಹತ್ತಿರ ಮೇಡಮ್ ಕೂತಿದ್ದರು. ನನ್ನನ್ನು ನೋಡಿ, “ಇನ್ನ ನಾ ಜಗಳಾ ಯಾರ ಕೂಡ ಮಾಡ್ಲಿ?” ಎಂದರು. ನಾನು ಸರ್ ಅವರ ಕೈ ಹಿಡಿದೆ. ಕೋಣೆ ಎಷ್ಟು ತಣ್ಣಗಿತ್ತೋ ಆ ಕೈಯೂ ಅಷ್ಟೇ ತಣ್ಣಗಿತ್ತು. ಇದನ್ನು ನಾನು ಈವರೆಗೆ ಎಲ್ಲೂ ಬರೆದಿರಲಿಲ್ಲ, ಯಾರಿಗೂ ಹೇಳಿರಲಿಲ್ಲ. ಕಂಡದ್ದನ್ನು ಹೊಡೆದು ಹಾಕುವುದಿಲ್ಲ ಎಂದು ಅವರ ಮುಂದೆ ಹಟ ಹಿಡಿದವಳು ನಾನೇ. ಆದ್ದರಿಂದ ಇವತ್ತು ಬರೆದಿದ್ದೇನೆ.

ಉಸಳಿಗೆ ಒಗ್ಗರಣೆ ಹಾಕುವ ಮುಂಚೆ ಎರಡು ಹಿಡಿ ಕಾಳು ಬೇರೆ ತೆಗೆದಿಟ್ಟೆ. ನಾಳೆ ನಮ್ಮ ಹುಡುಗಿಯರು ಥರ್ಮಾಸ್ ತುಂಬುತ್ತಾರೆ. ಮೂರು ದಿನ ಬಿಟ್ಟು ಅವರಲ್ಲೊಬ್ಬಳು ಮುಖ ಸಣ್ಣದು ಮಾಡಿಕೊಂಡು, ಬೇಯಿಸಿದ್ದೇ ಹೆಚ್ಚು ಬಿಸಿ ಅದರಿ ಮೇಡಮ್ ಎನ್ನುತ್ತ ನನ್ನ ಹತ್ತಿರ ಬರುತ್ತಾಳೆ. ಫಾರ್ಮಲಿನ್ ಹಾಕಬೇಕೆಂದು ಈ ವರ್ಷವೂ ನಾನು ಮೊದಲೇ ಹೇಳುವುದಿಲ್ಲ.