ಎಡಗೈ ಆಚಾರಿಯ ಕಾರು

ಬಾಳೆಲೆ ಊರಿನ ಹತ್ತಿರ ಬಡಗಿಯೊಬ್ಬರ ಶೆಡ್ಡಿನಲ್ಲಿ ಹಳೆಯ ಪುಟ್ಟ ಕಾರೊಂದು ನಿಂತಿರುವುದನ್ನು ಕಂಡು ಬೈಕ್ ನಿಲ್ಲಿಸಿದೆ. ಕಾರಿಗೆ ಬಡಗಿಯ ಹತ್ತಿರ ಏನು ಕೆಲಸ?

ಕೇಳಿದ್ದಕ್ಕೆ ರಾಘವನ್ ಆಚಾರಿ ಬಾಗಿಲಿನ ತಗಡನ್ನು ಸರಿಸಿ ತೋರಿಸಿದರು. ಒಳಗಿನ ಚೌಕಟ್ಟೆಲ್ಲ ಮರ! ತಗಡು ಅದಕ್ಕೆ ತೊಡಿಸಿದ ಅಂಗಿ, ಅಷ್ಟೆ.

ಕಾರಿನ ಒಡತಿ, ಕಾಫಿ ತೋಟದ ಕಾವೇರಮ್ಮ, ಅಲ್ಲೇ ಸ್ಟೂಲಿನ ಮೇಲೆ ಕೂತಿದ್ದರು. "ಇಂಗ್ಲೆಂಡಿನ ಸಣ್ಣ ಕಂಪನಿಯಂತೆ. ನಾಲ್ಕೈದು ವರ್ಷಕ್ಕೇ ಮುಚ್ಚಿಹೋಯ್ತು. ನಮ್ಮಜ್ಜ ಒಬ್ಬ ಎಸ್ಟೇಟ್ ದೊರೆಯಿಂದ ತಗೊಂಡದ್ದು. ಮಾಡಿದವರ ಬಗ್ಗೆ ಎಷ್ಟು ಹುಡುಕಿದ್ರೂ ಏನೂ ಸಿಕ್ಕಲಿಲ್ಲ. ಹಳೇ ಮರ ಪೂರಾ ತೆಗೆದು ತೇಗ ಹಾಕಿ ಅಂದ್ರೆ ಈ ಆಚಾರಿ ಕೇಳೋದಿಲ್ಲ."

"ಗೆದ್ದಲು ತಿಂದದ್ದು ತೆಗೀತೇನೆ ಅಮ್ಮ. ಈ ಕಂಬ ಮಾತ್ರ ಬೇಡ." ಆಚಾರಿ ಬಾಗಿಲ ಪಕ್ಕದ ಕಂಬದ ಮೇಲೆ ಬೆರಳಿಟ್ಟು ನನ್ನನ್ನು ಕರೆದರು. "ಉಳಿ ಗುರುತು ನೋಡಿ ಸಾರ್. ಎಲ್ಲ ಎಡಗಡೆಯಿಂದ ಬಿದ್ದಿದೆ. ಇದು ಮಾಡಿದವನು ಎಡಗೈ ಆಚಾರಿ. ತಗಡಿನ ಒಳಗೆ ಯಾರು ನೋಡ್ತಾರೆ? ಆದ್ರೂ ಎಷ್ಟು ನೀಟ್ ಮಾಡಿದ್ದಾನೆ!"

ಬಗ್ಗಿ ನೋಡಿದೆ. ಎರಡು ಮರ ಕೂಡುವಲ್ಲಿ ಕೂದಲು ತೂರುವಷ್ಟೂ ಸಂದು ಇರಲಿಲ್ಲ.

ಕಾವೇರಮ್ಮ ಕನ್ನಡಕ ಹಾಕಿಕೊಂಡು ಬಂದರು. ಗುರುತುಗಳ ಮೇಲೆ ನಿಧಾನವಾಗಿ ಕೈಯಾಡಿಸಿ, "ಒಬ್ಬನಾದರೂ ಸಿಕ್ಕಿದ. ಕಂಬ ಇರಲಿ ಬಿಡಿ," ಎಂದರು.

ಆಚಾರಿ ತಾವು ಮಾಡಿದ್ದ ತೇಗದ ತುಂಡನ್ನು ಆ ಕಂಬಕ್ಕೆ ಒತ್ತಿ ಹಿಡಿದರು. ನನ್ನ ಕಣ್ಣಿಗೆ ಸರಿಯಾಗಿಯೇ ಕೂತಿತ್ತು. ಅವರು ಅದನ್ನು ತೆಗೆದು ಮತ್ತೆ ಹೆರೆಯಲು ಕೀಸುಳಿ ಎತ್ತಿಕೊಂಡರು.

"ಇದು ಅವನ ಕೆಲಸದ ಪಕ್ಕದಲ್ಲಿ ಕೂರಬೇಕಲ್ಲ ಸಾರ್."